ತೊಂಬತ್ತನಾಲ್ಕನೆಯ ಪುಟ

ನೂರಾ ಹನ್ನೆರಡು ಕಾದಂಬರಿ ಪಾಲ್ಮೀರಾ ಗ್ರಿಂಜೋನಿಯದು.
ಅಷ್ಟನ್ನೂ ಜೋಡಿಸಿದವನು ನಾನು,
ನೊವಾರಾದ ಹಳೇ ಪೇಟೆಯ ಅಚ್ಚುಕೂಟದಲ್ಲಿ,
ಒಂದೊಂದೇ ಸೀಸದ ಮೊಳೆ, ತಲೆಕೆಳಗು, ಎಡಬಲ ತಿರುವು.
ಅವಳ ಪ್ರೇಮವನ್ನು ನಾನು ನೇರವಾಗಿ ಓದಿದ್ದೇ ಇಲ್ಲ.

ಅಕ್ಷರಕ್ಕಿಂತ ಮೊದಲು ಸವೆದದ್ದು ಚುಕ್ಕಿ.
ವಾಕ್ಯದ ತುದಿಗೆ ಮೂರು ಚುಕ್ಕಿ ಇಡದೆ
ಅವಳ ನಾಯಕಿ ಬಾಗಿಲು ಸಹ ತೆರೆಯುತ್ತಿರಲಿಲ್ಲ.
ತುರೀನಿನ ಎರಕದವನು ಕೇಳಿದ:
ಏನಯ್ಯಾ ಗೌದೆಂತ್ಸಿಯೊ, ಚುಕ್ಕಿಗಳನ್ನು ಹುರಿದು ತಿನ್ನುತ್ತೀರಾ?

ರಕ್ಷಾಪುಟದ ಮೇಲೆ ಅವಳು ವಯೋಲಾಂತೆ ದೆಲ್ ಮಾರೆ.
ಮಾರೆ ಎಂದರೆ ಕಡಲು.
ಹುಟ್ಟಿದ್ದು ಭತ್ತದ ಗದ್ದೆಗಳ ನಡುವಿನ ಊರಲ್ಲಿ,
ಕಡಲು ಕಂಡವಳಲ್ಲ.
ಕೌಂಟೆಸ್‌ಗಳು, ಬಿಳಿ ಸಮವಸ್ತ್ರದ ನೌಕಾಧಿಕಾರಿಗಳು,
ಬೆಳದಿಂಗಳ ಬಾಲ್ಕನಿ, ಎಲ್ಲ
ಅಡುಗೆಮನೆಯ ಮೇಜಿನ ಮೇಲೆ
ಅಕ್ಕಿ ಮಂಡಿಯ ರಸೀತಿಗಳ ಬೆನ್ನಿಗೆ ಬರೆದದ್ದು.
ಹಸ್ತಪ್ರತಿಗೆ ಈರುಳ್ಳಿ ವಾಸನೆ.
ಒಮ್ಮೆ ಹಾಳೆಯ ಮಡಿಕೆಯಲ್ಲಿ ಒಂಟಿ ಭತ್ತದ ಕಾಳು ಸಿಕ್ಕಿತು.
ಖಾನೆಯ ಮೂಲೆಯಲ್ಲಿ ಇಟ್ಟುಕೊಂಡೆ.
ನಮ್ಮ ಮೊಳೆ ಮೊಳೆಯುವುದಿಲ್ಲವಲ್ಲ.

ಪ್ರಕಾಶಕ ಬೊತ್ತಾಲ್ಲಾನ ಕರಾರು:
ನಲವತ್ತು ದಿನಕ್ಕೊಂದು ಕಾದಂಬರಿ,
ತೊಂಬತ್ತನಾಲ್ಕನೆಯ ಪುಟದಲ್ಲಿ ಮುತ್ತು.
ಬೇಗವಾದರೆ ಪಾದ್ರಿ ಗೊಣಗುತ್ತಾನೆ, ತಡವಾದರೆ ಓದುಗರು.

ಯುದ್ಧ ಬಂತು. ಕಾಗದ ಹೋಯಿತು.
ಬ್ರೆಡ್ಡು ಸುತ್ತುವ ಕಂದು ಹಾಳೆಗೆ ಅಚ್ಚು ಹಾಕಿದೆವು.
ಕಪ್ಪಂಗಿಯವರು ಬಂದು ಆತ್ಮಹತ್ಯೆಗಳನ್ನೆಲ್ಲ ಹೊಡೆದುಹಾಕಿದರು;
ಈ ದೇಶದಲ್ಲಿ ಯಾರೂ ದುಃಖದಿಂದ ಸಾಯುವುದಿಲ್ಲವಂತೆ.
ಸರಿ ಎಂದಳು,
ಐದು ಜನ ನಾಯಕಿಯರನ್ನು ನ್ಯುಮೋನಿಯಾಕ್ಕೆ ಒಪ್ಪಿಸಿದಳು.

ಜೂನಿನಲ್ಲಿ ಕಳೆ ಕೀಳಲು ಬಂದ ಹೆಂಗಸರು
ಹಗಲೆಲ್ಲ ಮೊಣಕಾಲುದ್ದ ನೀರಲ್ಲಿ.
ರಾತ್ರಿ ಹುಲ್ಲು ಹಾಸಿಗೆಯಲ್ಲಿ ಅಕ್ಷರ ಬಲ್ಲವಳೊಬ್ಬಳು ಓದುವಳು,
ಉಳಿದ ನಲವತ್ತು ಮಂದಿ
ಜಿಗಣೆ ಕಚ್ಚಿದ ಕಾಲು ತಿಕ್ಕುತ್ತ ಅಳುವರು.
ಮಿಲಾನಿನ ವಿಮರ್ಶಕನೊಬ್ಬ ಬರೆದ: ಇದು ಸಕ್ಕರೆ ನೀರು.
ಪಾಲ್ಮೀರಾ ಕೈ ಒರೆಸಿಕೊಂಡಳು:
ದಿನವಿಡೀ ಕೆಸರಲ್ಲಿ ನಿಂತವರಿಗೆ
ಇನ್ನೇನು ಕೊಡಲಿ, ಉಪ್ಪು ನೀರೇ?

ಅರವತ್ತೊಂದಕ್ಕೆ ಕಡಲು ನೋಡಿದಳು.
ಗಂಡ ಎಲ್ವೀಜಿಯೊ, ರೈಲ್ವೆ ಟಿಕೆಟ್ ಗುಮಾಸ್ತ,
ನಿವೃತ್ತಿಯ ಪಾಸಿನಲ್ಲಿ ಸವೋನಾಕ್ಕೆ ಕರೆದೊಯ್ದ.
ಹೇಗಿತ್ತು ಎಂದೆ.
ಗಲಾಟೆ ಜಾಸ್ತಿ ಎಂದಳು.
ನಾನು ಅದನ್ನು ಸುಮ್ಮನಿರುವಂತೆ ಬರೆದಿದ್ದೆ.

ನೂರಾ ಹದಿಮೂರನೆಯದು ತೆಳ್ಳಗಿತ್ತು.
ಕೌಂಟೆಸ್ ಇಲ್ಲ, ಹಡಗಿಲ್ಲ.
ಕಿಟಕಿಯ ಹಿಂದೆ ಟಿಕೆಟ್ ಕೊಡುವ ಬೋಳುತಲೆಯವನೊಬ್ಬ
ಮನೆಗೆ ಬಂದು, ಕೋಟೂ ಬಿಚ್ಚದೆ,
ಬೇಯಿಸಿದ ಚೆಸ್ಟ್‌ನಟ್ ಸುಲಿದು
ಬರೆಯುತ್ತಿದ್ದವಳ ಎಡಗೈಯಲ್ಲಿ ಇಡುತ್ತಾನೆ,
ಬಲಗೈ ನಿಲ್ಲಬಾರದಲ್ಲ.
ತೊಂಬತ್ತನಾಲ್ಕನೆಯ ಪುಟ ಅಷ್ಟೇ.
ಕೊನೆಗೆ ಚುಕ್ಕಿ ಒಂದೇ.

ಮುತ್ತೆಲ್ಲಿ, ಎಂದ ಬೊತ್ತಾಲ್ಲಾ, ಕಟ್ಟು ವಾಪಸು ಮಾಡಿದ.
ಅವಳು ವಾದಿಸಲಿಲ್ಲ.
ಫೆಬ್ರವರಿಯಲ್ಲಿ ತೀರಿಕೊಂಡಳು.
ನ್ಯುಮೋನಿಯಾ. ನಗಬೇಡಿ.

ಮಣ್ಣು ಮುಗಿಸಿ ಬಂದ ರಾತ್ರಿ
ಅಚ್ಚುಕೂಟದ ಬೀಗದ ಕೈ ನನ್ನಲ್ಲಿತ್ತು.
ಆ ಒಂದು ಪುಟ ಜೋಡಿಸಿದೆ.
ಶಾಯಿ ಬಳಿದು ಒಂದೇ ಪ್ರತಿ ತೆಗೆದೆ.
ಬೆಳಗಾಗುವ ಮೊದಲು ಮೊಳೆ ಬಿಚ್ಚಿ ಖಾನೆಗೆ ಸುರಿದೆ;
ಸೋಮವಾರ ಇನ್ಯಾರದೋ ಕಾದಂಬರಿ ಬರುವುದಿತ್ತು.

ಪ್ರತಿಯನ್ನು ಎಲ್ವೀಜಿಯೊಗೆ ಕೊಟ್ಟೆ.
ಅವಳ ಒಂದು ಪುಸ್ತಕವನ್ನೂ ಓದಿದವನಲ್ಲ ಅವನು.
ಕನ್ನಡಕ ಹುಡುಕಿದ, ಒರೆಸಿದ,
ಬೆರಳಿಟ್ಟು ಸಾಲು ಸಾಲಾಗಿ ಇಳಿದ,
ಮತ್ತೆ ಮೇಲಿನಿಂದ ಇಳಿದ.
ಬೇಯಿಸಿದ್ದಲ್ಲ, ಎಂದ. ಸುಟ್ಟದ್ದು. ಒಲೆಯ ಮೇಲೆ, ಸಿಪ್ಪೆ ಸೀಳಿ.
ಇದನ್ನು ತಿದ್ದಬಹುದೇ?

ಮೊಳೆ ಬಿಚ್ಚಿಯಾಗಿತ್ತು.
ತಿದ್ದುತ್ತೇನೆ ಎಂದೆ.